ಅಳಿಸಿಹಾಕಿದ ತಟ್ಟೆಯ ಸದ್ದು

ಕಶೊಯೇರಾ, ಆಗಸ್ಟ್ 14, ಗುರುವಾರ

ಸಾವೊ ಪೌಲೊದ ಚಾನೆಲ್ಲಿನವರು ನನ್ನ ಸಾಂಬಾ ಸಾಕ್ಷ್ಯಚಿತ್ರದ ಧ್ವನಿಯನ್ನು ‘ಸ್ವಚ್ಛ’ ಮಾಡಿ ಕಳಿಸಿದ್ದಾರೆ. ಆ ಪದ ನೆನೆದರೆ ಈಗಲೂ ಮೈ ಉರಿಯುತ್ತದೆ.

ಬೆಳಿಗ್ಗೆ ದೋನಾ ಜುಲ್ಮೀರಾಳ ಮನೆಗೆ ಹೋಗಿ ಕೇಳಿಸಿದೆ. ಎಂಬತ್ತೊಂದರ ಮುದುಕಿ, ಸಾಂಬಾ ಹಾಡುವವರ ನಡುವೆ ಕೂತು ಊಟದ ತಟ್ಟೆಯ ಅಂಚಿಗೆ ಚಾಕು ತೀಡಿ ತಾಳ ಹಾಕುವವಳು. ಸೀಗಡಿ ಸುಲಿಯುತ್ತಿದ್ದವಳು ಕೈ ಒರೆಸಿಕೊಂಡು ಕಿವಿಗೊಟ್ಟಳು. ಹಾಡಿತ್ತು, ಚಪ್ಪಾಳೆಯಿತ್ತು, ಡೋಲೂ ಇತ್ತು.

“ಎಲ್ಲಾರೂ ಇದಾರೆ. ನಾನೆಲ್ಲೇ?” ಅಂದಳು.

ತಟ್ಟೆಯ ಸದ್ದನ್ನು ಅಡುಗೆಮನೆಯ ಗಲಾಟೆ ಅಂದುಕೊಂಡು ಅಳಿಸಿದ್ದಾರೆ ಎಂದು ಹೇಳುವಾಗ ನನಗೇ ನಾಚಿಕೆಯಾಯಿತು. ಅವಳು ನಕ್ಕುಬಿಟ್ಟಳು. “ಅಲ್ಲ ಕಣೇ, ನಮ್ಮಜ್ಜಿ ಕಾಲದಲ್ಲಿ ಸಾಂಬಾ ಹಾಡ್ಬಾರ್ದು ಅಂತ ಪೊಲೀಸ್ನೋರು ಡೋಲು ಕಿತ್ಕೊಂಡು ಹೋಗೋರು. ತಟ್ಟೆ ಮಾತ್ರ ಮುಟ್ತಿರ್ಲಿಲ್ಲ. ಇವ್ರು ಅದನ್ನೂ ಬಿಡ್ಲಿಲ್ವಲ್ಲ!”

ಮಧ್ಯಾಹ್ನ ಚಾನೆಲ್ಲಿಗೆ ಫೋನ್ ಮಾಡಿ, ತಟ್ಟೆಯ ಸದ್ದು ವಾಪಸ್ ಹಾಕಿ ಎಂದೆ.

“ನೋಡೋರಿಗೆ ಕಿರಿಕಿರಿ ಆಗುತ್ತೆ ಮೇಡಂ.”

“ಆಗ್ಲಿ ಬಿಡಿ,” ಎಂದು ಫೋನ್ ಇಟ್ಟುಬಿಟ್ಟೆ.

ಈಗಷ್ಟೇ ಚಿತ್ರದ ಆರಂಭವನ್ನು ಹೊಸದಾಗಿ ಜೋಡಿಸಿ ಮುಗಿಸಿದೆ. ಮೊದಲ ಒಂದು ನಿಮಿಷ ಪರದೆ ಪೂರ್ತಿ ಕಪ್ಪು. ಹಾಡಿಲ್ಲ, ಡೋಲಿಲ್ಲ, ಜುಲ್ಮೀರಾಳ ತಟ್ಟೆಯೊಂದೇ. ಅದನ್ನು ಅಳಿಸಿದರೆ ಅಲ್ಲಿ ಏನೂ ಉಳಿಯುವುದಿಲ್ಲ.

ಅಳಿಸಲಿ, ನೋಡೋಣ.