ಕ್ಯಾಮೆರಾಗೆ ತಂದ ಫ್ಯಾನು

ರೇಷ್ಮೆ ಕೆಲಸದ ಚಿತ್ರ ತೆಗೆಸಿದ ಮಾನ್ಯ ಅಧಿಕಾರಿಗಳೇ,

ನೀವು ತೆಗೆಸಿದ ಚಿತ್ರ ಸುಳ್ಳು. ಆ ಸುಳ್ಳನ್ನೇ ಸಾಕ್ಷಿ ಮಾಡಿಕೊಂಡು ನನ್ನ ಸೊಸೆ ತನುಜಳ ಉಸಿರಿಗೆ ಅಡ್ಡ ನಿಂತಿದ್ದೀರಿ. ಅದನ್ನು ನಾಲ್ಕು ಜನರ ಮುಂದೆ ಹೇಳಲೆಂದೇ ಪತ್ರಿಕೆಗೆ ಬರೆಯುತ್ತಿದ್ದೇನೆ.

ತನುಜ ಶಿಡ್ಲಘಟ್ಟದ ಕಾರ್ಖಾನೆಯೊಂದರಲ್ಲಿ ರೇಷ್ಮೆ ನೂಲು ತೆಗೆಯುತ್ತಾಳೆ. ಬಿಸಿನೀರಿನಲ್ಲಿ ಬೇಯುವ ಗೂಡು, ಸತ್ತ ಹುಳುವಿನ ನಾತ, ಮುಖಕ್ಕೆ ಹೊಡೆಯುವ ಹಬೆ. ಅವಳಿಗೀಗ ಗೂರಲು. ಹಬೆ ಹೊರಗೆ ಹೋಗದಿದ್ದರೆ ಎದೆ ಉಳಿಯುವುದಿಲ್ಲ ಎಂದಿದ್ದಾರೆ ಡಾಕ್ಟರು.

ಚಿತ್ರ ತೆಗೆದ ದಿನ ಊಟದ ಕ್ಯಾರಿಯರ್ ಕೊಡಲು ಹೋದವಳು ಮುಗಿಯುವವರೆಗೂ ಅಲ್ಲೇ ಇದ್ದೆ. ಹಬೆಗೆ ಕ್ಯಾಮೆರಾದ ಗಾಜು ಮಂಜಾಯಿತು. ಅಯ್ಯೋ ಪಾಪ, ಎಂಥ ಸಂಕಟ! ಕೂಡಲೇ ಆಳೆತ್ತರದ ಫ್ಯಾನು ಬಂತು, ಹಬೆಯೆಲ್ಲ ಕಿಟಕಿಯಾಚೆ ಹೋಯಿತು. ಅಷ್ಟೊಂದು ಹೆಂಗಸರ ಎದೆಗೆ ಇಷ್ಟು ವರ್ಷ ಸಿಗದ ಗಾಳಿ ಒಂದು ಗಾಜಿನ ಚೂರಿಗೆ ಸಿಕ್ಕಿತು. ಆದರೂ ತನುಜಳಿಗೆ ಹಳೇ ಕೆಮ್ಮು ಒತ್ತಿ ಬಂತು. "ಕೆಮ್ಮಬೇಡಮ್ಮ, ಸೌಂಡ್ ಬರುತ್ತೆ" ಎಂದ ಚಿತ್ರದವನು. ಅವಳು ಸೆರಗನ್ನು ಬಾಯಿಗೆ ತುರುಕಿಕೊಂಡಳು.

ಎಲ್ಲ ಮುಗಿದು ಫ್ಯಾನನ್ನು ವ್ಯಾನಿಗೆ ಏರಿಸುವಾಗ, "ಅದೊಂದು ಬಿಟ್ಟೋಗ್ರಪ್ಪ, ಪುಣ್ಯ ಕಟ್ಕೊಳ್ಳಿ" ಎಂದೆ. "ಅದು ಕ್ಯಾಮೆರಾಗೆ ತಂದಿದ್ದು ಕಣಜ್ಜಿ" ಎಂದು ನಕ್ಕು ಹೊರಟರು.

ಆಮೇಲೆ ಅತ್ತೆ ಸೊಸೆ ನಿಮ್ಮ ಕಚೇರಿಗೇ ಬಂದೆವು. ಹಬೆ ಎಳೆಯುವ ಫ್ಯಾನು ಹಾಕಿಸುವಂತೆ ಮಾಲೀಕರಿಗೆ ಆರ್ಡರ್ ಮಾಡಿ ಎಂದು ಕೈಮುಗಿದೆವು. ನೀವು ಕುರ್ಚಿಯಿಂದ ಅಲುಗದೆ ಮೊಬೈಲಿನಲ್ಲಿ ಅದೇ ಚಿತ್ರ ಹಾಕಿ, "ನೋಡಮ್ಮ, ಎಲ್ಲಿದೆ ಹಬೆ?" ಎಂದಿರಿ. ಚಿತ್ರದೊಳಗೆ ಯಾರೋ ವೀಣೆ ಬಾರಿಸುತ್ತಿದ್ದರು. ಭೇಷ್! ನಿಮ್ಮೆದುರು ನಿಂತವಳ ಎದೆ ಗೊರಗೊರ ಎನ್ನುತ್ತಿತ್ತಲ್ಲ, ಅದಕ್ಕಿಂತ ವೀಣೆ ಇಂಪಾಯಿತೇ? ನಿಮ್ಮ ಕಣ್ಣು ನಿಮ್ಮ ಮುಖದಲ್ಲಿದೆಯೋ, ಬಾಡಿಗೆ ಕ್ಯಾಮೆರಾದಲ್ಲಿದೆಯೋ? ನಿಮ್ಮ ಕಚೇರಿಯಿಂದ ಕಾರ್ಖಾನೆ ಒಂದು ಬೀಡಿ ಮುಗಿಯುವಷ್ಟು ದೂರ. ಅಲ್ಲಿಗೆ ಬರಲು ನಿಮಗೆ ಪುರುಸೊತ್ತಿಲ್ಲ, ಕೂತಲ್ಲೇ ಬೊಂಬೆ ನೋಡಿ ತೀರ್ಪು ಕೊಡಲು ಬೇಕಾದಷ್ಟಿದೆ.

ಹಬೆ ಎಳೆಯುವ ಫ್ಯಾನು ಹಾಕಿಸಿ. ನಾನು ಕೇಳುವುದು ಅಷ್ಟೇ. ಹಬೆಯೇ ಇಲ್ಲವೆಂದು ಇನ್ನೂ ನಂಬುವುದಾದರೆ, ಕ್ಯಾಮೆರಾ ಬಿಟ್ಟು ಬಂದು ತನುಜಳ ಪಕ್ಕದಲ್ಲಿ ಒಂದು ಪಾಳಿ ಕೂತು ಹೋಗಿ. ಕುರ್ಚಿ ನಾನೇ ತಂದು ಹಾಕುತ್ತೇನೆ. ಕೆಮ್ಮು ಬಂದರೆ ಮಾತ್ರ ಕೆಮ್ಮಬೇಡಿ ಸ್ವಾಮಿ, ಸೌಂಡ್ ಬರುತ್ತದೆ.

ಇಂತಿ,
ಕ್ಯಾರಿಯರ್ ಹಿಡಿದು ಅಡ್ಡ ಬಂದಳೆಂದು ನೀವು ಚಿತ್ರದಿಂದ ಕತ್ತರಿಸಿ ಹಾಕಿದ ಮುದುಕಿ,
ಮುನಿಶಾಮಮ್ಮ, ಶಿಡ್ಲಘಟ್ಟ