ಎರಡು ಕುರ್ಚಿಗಳ ಮದುವೆ

ಮೊಗ್ರಾಲ್
೨೨ ಜುಲೈ ೨೦೨೪

ಅಮ್ಮಾ,

ನೀವು ನನ್ನ ಫೋನು ಎತ್ತುವುದಿಲ್ಲ. ಕಾಗದವನ್ನಾದರೂ ಓದದೆ ಹರಿಯುವವರಲ್ಲ ಎಂಬ ಧೈರ್ಯದಲ್ಲಿ ಬರೆಯುತ್ತಿದ್ದೇನೆ.

ಟ್ರಂಕಿನಿಂದ ಹಸಿರು ಸೀರೆಯನ್ನು ಕೇಳದೆ ತಂದದ್ದು ನನ್ನ ತಪ್ಪು. ಮೂರು ತಿಂಗಳ ಕೂಸಾಗಿದ್ದಾಗಲೇ ತೀರಿಕೊಂಡ ಪೂಜಾಶ್ರೀ ಅಕ್ಕನ ಪ್ರೇತ ಮದುವೆಗೆಂದು ನೀವು ತೆಗೆದಿಟ್ಟ ಸೀರೆ. ಕಾಸರಗೋಡಿನಲ್ಲಿ ಪ್ರೇತ ಮದುವೆಯದ್ದೇ ನನ್ನ ಹನ್ನೊಂದು ನಿಮಿಷದ ಕಿರುಚಿತ್ರ ತೋರಿಸಿದ ದಿನ, ಪರದೆಯಲ್ಲಿ ಎರಡು ಖಾಲಿ ಕುರ್ಚಿ, ಒಂದರ ಮೇಲೆ ಆ ಸೀರೆ, ಇನ್ನೊಂದರ ಮೇಲೆ ಬಿಳಿ ಮುಂಡು ಕಂಡದ್ದೇ ಎದ್ದು ಹೋದಿರಿ. ನನ್ನ ಮಗುವನ್ನು ಯಾರಿಗೋ ಕಟ್ಟಿಬಿಟ್ಟೆಯಲ್ಲ ಎಂದಿರಿ. ವರ್ಕಾಡಿಯವರ ತೀರಿಹೋದ ಮಗ ಲತೇಶನ ಸಂಬಂಧವನ್ನೂ ಬಿಟ್ಟಿರಂತೆ. ಒಮ್ಮೆ ಆದ ಮದುವೆಯನ್ನು ಇನ್ನೊಮ್ಮೆ ಮಾಡುವುದು ಹೇಗೆ ಎಂದು ಚಿಕ್ಕಮ್ಮನ ಹತ್ತಿರ ಅತ್ತಿರಂತೆ.

ಅಳಬೇಡಿ. ಅಕ್ಕನಿಗೆ ಮದುವೆ ಆಗಿಲ್ಲ. ಅಲ್ಲಿ ಹೇಳಿದ್ದು ಅವಳ ಹೆಸರಲ್ಲ.

ಈ ಮದುವೆಯ ಶಾಸ್ತ್ರ ಗೊತ್ತಿರುವ ಲೋಲಾಕ್ಷಿ ಅಕ್ಕನನ್ನು ಶೂಟಿಂಗಿಗೆ ಕರೆಸಿದ್ದೆ. ಗಂಡುಹೆಣ್ಣಿಗೆಂದು ನಾನು ಬರೆದಿಟ್ಟ ಸುಳ್ಳು ಹೆಸರುಗಳನ್ನು ಅವರು ಒಪ್ಪಲಿಲ್ಲ. ಹುಟ್ಟದೇ ಇದ್ದವರಿಗೆ ಎಂತ ಮದುವೆ ಮಾರಾಯ್ತಿ, ನಿಜದ ಹೆಸರು ಹೇಳು, ಇಲ್ಲದಿದ್ದರೆ ನಾನು ಬಸ್ಸು ಹತ್ತುತ್ತೇನೆ ಎಂದರು. ಎರಡು ನಿಜದ ಹೆಸರು ಹೇಳಿದೆ. ಆಮೇಲೆ ಚಿತ್ರದಲ್ಲಿ ಅವು ಯಾರಿಗೂ ಕೇಳಿಸಬಾರದೆಂದು ಮೇಲೆ ವಾದ್ಯದ ಸದ್ದು ಹಾಕಿದೆ.

ಗಂಡಿನ ಹೆಸರು ಕುಶಲ್. ನೆನಪುಂಟಲ್ಲ, ನನ್ನ ಕ್ಯಾಮೆರಾದವ. ನೀವು ನೀರುದೋಸೆ ಬಡಿಸುತ್ತಾ ಅವನ ಬರಿ ಕೇಳಿದಿರಿ. ನಮ್ಮದೇ ಬರಿ ಎಂದಾಗ, ಹಾಗಾದರೆ ಒಂದೇ ಕುಲ, ಇವಳಿಗೆ ಅಣ್ಣನೇ ಆಯಿತು ಎಂದು ಖುಷಿಯಲ್ಲಿ ಇನ್ನೆರಡು ಹಾಕಿದಿರಿ. ಅವ ತಲೆ ತಗ್ಗಿಸಿ ತಿಂದ. ಹೋದ ವರ್ಷ ಹೈವೇಯಲ್ಲಿ ಬೈಕಿನಿಂದ ಬಿದ್ದು ತೀರಿಕೊಂಡ. ಅವನ ಮನೆಯಲ್ಲಿ ಎಲ್ಲರೂ ಅಳುತ್ತಿದ್ದರು. ನಾನು ಬಾಗಿಲ ಹೊರಗೆ, ಶೂಟಿಂಗಿನವರ ಜೊತೆ ನಿಂತಿದ್ದೆ. ಅಳುವುದಕ್ಕೆ ನನಗೆ ಎಂತ ಸಂಬಂಧ ಇತ್ತು?

ಹೆಣ್ಣಿನ ಹೆಸರು ಕೇಳಬೇಡಿ. ಲೋಲಾಕ್ಷಿ ಅಕ್ಕನೂ ಹೆಚ್ಚು ಕೇಳಲಿಲ್ಲ, ಇಬ್ಬರೂ ಸತ್ತವರೇ ಎಂದುಕೊಂಡರು.

ಆಟಿ ತಿಂಗಳು ಮುಗಿಯುವ ಮೊದಲೇ ವರ್ಕಾಡಿಗೆ ಹೇಳಿ ಕಳಿಸಿ. ಅಕ್ಕನದ್ದು ಆದರೆ ನನಗೂ ಕೂಡಿಬರುತ್ತದೆ ಎಂಬುದು ನಿಮ್ಮ ಆಸೆ, ಗೊತ್ತು. ಇಲ್ಲಿ ನಾನು ಚೆನ್ನಾಗಿದ್ದೇನೆ. ಒಬ್ಬಳಿಗೆಂದು ಅಕ್ಕಿ ಹಾಕಿದರೂ ಅನ್ನ ಉಳಿಯುತ್ತದೆ, ಅಷ್ಟೆ. ಒಮ್ಮೆ ಫೋನು ಎತ್ತಿ ಅಮ್ಮಾ.

ನಿಮ್ಮ
ಜ್ಯೋತ್ಸ್ನಾ

ತಾ.ಕ.: ಪಾರ್ಸೆಲಿನಲ್ಲಿರುವುದು ಹೊಸ ಸೀರೆ, ಅದೇ ಹಸಿರು. ಅಕ್ಕನಿಗೆ ಇದನ್ನೇ ಇಡಿ. ಒಂದು ಮದುವೆ ಕಂಡ ಸೀರೆಯನ್ನು ಇನ್ನೊಬ್ಬಳಿಗೆ ಇಡಬಾರದಂತೆ. ಹಳೆಯದು ನನ್ನ ಹತ್ತಿರವೇ ಇರಲಿ. ನನಗೆ ಇನ್ನು ಗಂಡು ನೋಡಬೇಡಿ.