ಹೆಸರಿಲ್ಲದ ಚಿತ್ರದ ಚಪ್ಪಾಳೆ

ಮನೆಯಿಂದ,
ಭಾನುವಾರ ಸಂಜೆ

ಮಹಾಜನರೇ, ಮಾತೆಯರೇ, ಹಿಂದಿನ ಬೆಂಚಿನ ರಸಿಕರೇ! ಈ ನತದೃಷ್ಟ ತಂದೆಯ ಗೋಳಿಗೆ ಕಿವಿಗೊಡಿ! ಅಯ್ಯೋ, ಇದು ಕಾಗದವೆಂಬುದೇ ಮರೆತುಹೋಯಿತು.

ಪ್ರೀತಿಯ ಮಗಳೇ,

ಕೆಮ್ಮು ಇಳಿಯಿತೇ? ಸೋದರತ್ತೆಯ ಮನೆಯಲ್ಲಿ ಹೊತ್ತುಹೊತ್ತಿಗೆ ಉಣ್ಣುತ್ತಿದ್ದೀಯಾ? ಕಾಲೇಜಿನ ಗಲಾಟೆ ತಣ್ಣಗಾಗುವವರೆಗೆ ಅಲ್ಲೇ ಇರು. ನಿನ್ನ ಅಮ್ಮನಿಗೇನು ಕಡಿಮೆ? ನಿನ್ನ ಚಿತ್ರ ನೋಡಿ ಬಂದಾಗಿನಿಂದ ಅವಳ ಕಾಲು ನೆಲದ ಮೇಲಿಲ್ಲ.

ಹೌದು, ವಿದ್ಯಾರ್ಥಿಗಳ ಮುಷ್ಕರದ ನಿನ್ನ ಚಿತ್ರವನ್ನು ನಿನ್ನೆ ಕಾರ್ಮಿಕ ಸಂಘದ ಹಾಲ್‌ನಲ್ಲಿ ತೋರಿಸಿದರು. ನನಗೆ ಹೊಟ್ಟೆ ಉರಿಯಿತು. ಮುಚ್ಚಿಡುವುದೇಕೆ? ಜೀವಮಾನವೆಲ್ಲ ಬಣ್ಣ ಹಚ್ಚಿದವನಿಗೆ ಖಾಲಿ ಕುರ್ಚಿಗಳು. ನಿನಗೆ ಕಿಟಕಿಯ ಸರಳು ಹಿಡಿದು ನೇತಾಡುವ ಜನ, ನಿಲ್ಲದ ಚಪ್ಪಾಳೆ! ಅದೂ ಎಂಥ ಚಿತ್ರ? ಒಂದೇ ಒಂದು ಮುಖವಿಲ್ಲ. ಓಡುವ ಕಾಲು, ಎತ್ತಿದ ಕೈ, ಬೆನ್ನು, ಗೇಟಿನ ಬಳಿ ಬಿದ್ದ ಒಂಟಿ ಚಪ್ಪಲಿ. ಮುಖ ಕಂಡರೆ ಹುಡುಗರನ್ನು ಕಾಲೇಜಿನಿಂದ ಕಿತ್ತುಹಾಕುತ್ತಾರೆ, ಒಪ್ಪಿದೆ. ತೆಗೆದವರ ಹೆಸರನ್ನೂ ಹಾಕಿಲ್ಲ, ಅದನ್ನೂ ಒಪ್ಪಿದೆ. ಆದರೆ ಹೆತ್ತಪ್ಪನ ಮೀಸೆಗೆ ಒಂದು ಕ್ಷಣ ಬೇಡವೇ? ನೀನು ಕ್ಯಾಮೆರಾ ಹಿಡಿದಿದ್ದಾಗ ನಿನ್ನ ಪಕ್ಕದಲ್ಲೇ ನಿಂತಿರಲಿಲ್ಲವೇ ನಾನು? ಆ ಚಪ್ಪಲಿ ಕಂಡು ನಿನ್ನ ಅಮ್ಮ ಬಿಕ್ಕಿಬಿಕ್ಕಿ ಅತ್ತಳು. ರಂಗದ ಮೇಲೆ ನಾನು ಸಾಯುವಾಗ ಗೊರಕೆ ಹೊಡೆದವಳು! ಕೇಳಿದ್ದಕ್ಕೆ, “ರೀ, ನೀವು ಸಾಯೋಕೆ ಅರ್ಧ ಗಂಟೆ ತಗೋತೀರ. ನನ್ ಮಗಳು ಒಂದ್ ಚಪ್ಪಲೀಲಿ ಮುಗಿಸಿಬಿಟ್ಲು” ಎಂದಳು. ಇದನ್ನು ನಾನು ಸಹಿಸಬೇಕು!

“ಅಪ್ಪಾ, ರೆಕಾರ್ಡ್ ಆಗ್ತಿರೋವಾಗ ದಯವಿಟ್ಟು ಬಾಯಿ ಬಿಡ್ಬೇಡ” ಎಂದಿದ್ದೆಯಲ್ಲ. ಜನ ಸೇರಿದ ಕಡೆ ತೆಪ್ಪಗಿರುವುದು ನಮ್ಮ ಕಸುಬಿನವರಿಗೆ ಒಗ್ಗೀತೇ? ಪೊಲೀಸರು ನುಗ್ಗಿದಾಗ ನಾನು, “ಎಲೈ, ಮಕ್ಕಳ ಮೇಲೆ ಕೈಯೇ!” ಎಂದು ಗರ್ಜಿಸಿದ್ದು ಚಿತ್ರದಲ್ಲಿ ಸಿಡಿಲಿನಂತೆ ಕೇಳಿತು. ಹಾಲ್‌ಗೆ ಹಾಲೇ ತಿರುಗಿ ನನ್ನನ್ನು ನೋಡಿತು. ಆ ಒಂದು ಗಳಿಗೆ ಮಾತ್ರ ಉರಿ ಆರಿತ್ತು.

ಅತ್ತೆಗೆ ನಮಸ್ಕಾರ ತಿಳಿಸು. ನಿನಗೆ ಕೀರ್ತಿ ಬರಲಿ, ನನಗಿಂತ ಒಂದು ತೂಕ ಕಡಿಮೆ.

ನಿನ್ನ ಅಪ್ಪ

ಮರೆತಿದ್ದೆ: ಹಾಲ್‌ನಲ್ಲಿ ಕಾಲೇಜಿನ ವಿಚಾರಣಾ ಸಮಿತಿಯವರೂ ಇದ್ದರಂತೆ. ಚಿತ್ರದಲ್ಲಿ ಅವರಿಗೆ ಗುರುತು ಸಿಕ್ಕಿದ್ದು ನನ್ನ ದನಿಯೊಂದೇ. ಪಕ್ಕದಲ್ಲಿ ಕ್ಯಾಮೆರಾ ಹಿಡಿದಿದ್ದವರು ಯಾರೆಂದು ಕೇಳಲು ನನ್ನನ್ನು ಕರೆಸಿದ್ದಾರೆ. ನಿನ್ನ ಹೆಸರು ಹೊರಬಿದ್ದರೆ ಕೊನೆಯ ವರ್ಷದ ಪರೀಕ್ಷೆಗೆ ಕೂರಿಸುವುದಿಲ್ಲ. ನನ್ನನ್ನು ಯಾವ ಕಾಲೇಜಿನಿಂದ ಹೊರಹಾಕುತ್ತಾರೆ? ಹೆಚ್ಚೆಂದರೆ ಒಳಗೆ ಹಾಕಬಹುದು. ಈ ಕಾಗದ ಓದಿ ಹರಿದುಹಾಕು, ಮುಂದೆ ಯಾವತ್ತೂ ಆ ಚಪ್ಪಾಳೆಯಲ್ಲಿ ಪಾಲು ಕೇಳಬೇಡ. ಕ್ಯಾಮೆರಾದ ಗುಂಡಿ ಎಲ್ಲಿದೆಯೆಂದು ನಿನ್ನ ಅಮ್ಮನಿಂದ ಕೇಳಿ ತಿಳಿದುಕೊಂಡಿದ್ದೇನೆ. ನಾಳೆ ಬೆಳಗ್ಗೆ ಇಸ್ತ್ರಿ ಮಾಡಿದ ಕೋಟು ತೊಟ್ಟು ಹೋಗಿ, ಆ ಚಿತ್ರ ತೆಗೆದವನು ನಾನೇ ಎಂದು ಹೇಳಿಬರುತ್ತೇನೆ.